ಸಾವಿನ ಕುರಿತ ಸಾಕ್ಷ್ಯಚಿತ್ರ: ಕ್ಯಾಮೆರಾ ಕೊನೆಗೆ ಬರಲಿ

ಸಾವಿನ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಹೊರಟ ಹೊಸಬರು ಸಂಕಲನದ ಮೇಜಿಗೆ ತರುವ ಫುಟೇಜ್ ಹೆಚ್ಚುಕಡಿಮೆ ಒಂದೇ ಬಗೆಯದು. ಆಸ್ಪತ್ರೆಯ ಕಾರಿಡಾರ್, ತೊಟ್ಟಿಕ್ಕುವ ಡ್ರಿಪ್, ಅಳುವ ಮುಖಗಳು, ಚಿತಾಗಾರದ ಹೊಗೆ, ನಡುವೆ ಒಬ್ಬ ವೈದ್ಯರ ಸಂದರ್ಶನ. ತೀರಿಕೊಂಡವರು ಯಾರು, ಅವರಿಗೆ ಯಾರ ಮೇಲೆ ಸಿಟ್ಟಿತ್ತು, ಯಾವ ಸಾಲ ತೀರಿಸದೆ ಉಳಿದಿತ್ತು ಎಂಬುದು ಅದರಲ್ಲಿ ಎಲ್ಲಿಯೂ ಸಿಗುವುದಿಲ್ಲ. ಎಷ್ಟು ಕತ್ತರಿಸಿ ಜೋಡಿಸಿದರೂ ಅದು ಚಿತ್ರವಾಗುವುದಿಲ್ಲ.

ತಪ್ಪು ಕೌಶಲದ್ದಲ್ಲ, ಅನುಕ್ರಮದ್ದು. ಬಹುಪಾಲು ಜನ ಮೊದಲು ಕ್ಯಾಮೆರಾ ಬಾಡಿಗೆಗೆ ತರುತ್ತಾರೆ, ಆಮೇಲೆ ರೋಗಿಯ ಮಗನ ಅನುಮತಿ ಕೇಳುತ್ತಾರೆ, ಅದಾದ ಮೇಲೆ ರೋಗಿಯನ್ನು ನೋಡುತ್ತಾರೆ. ತಮಗೆ ತಿಳಿಯಬೇಕಾದದ್ದು ಏನು ಎಂದು ಕೇಳಿಕೊಳ್ಳುವುದು ಎಲ್ಲಕ್ಕಿಂತ ಕೊನೆಗೆ. ಇದನ್ನು ಪೂರ್ತಿ ತಿರುಗಿಸಬೇಕು. ಕೆಳಗಿನ ಹಂತಗಳು ಬೆಂಗಳೂರಿನಲ್ಲಿ ಇಬ್ಬರು ಮೂವರ ಸಣ್ಣ ತಂಡ ಕಟ್ಟಿಕೊಂಡು ಕೆಲಸ ಮಾಡುವವರಿಗಾಗಿ. ದೊಡ್ಡ ತಂಡಕ್ಕೆ ಈ ವಿಷಯದಲ್ಲಿ ಕೆಲಸವೇ ಇಲ್ಲ.

ಹಂತ 1: ವಿಷಯವನ್ನು ಕಿರಿದು ಮಾಡಿ

"ಸಾವು" ಚಿತ್ರದ ವಿಷಯವಲ್ಲ. ಗುಣವಾಗದ ರೋಗಿಗಳನ್ನು ಕೊನೆಯವರೆಗೆ ನೋಡಿಕೊಳ್ಳುವ ಹಾಸ್ಪಿಸ್‌ನಲ್ಲಿ ರಾತ್ರಿ ಪಾಳಿ ಮಾಡುವ ನರ್ಸ್ ವಿಷಯವಾಗಬಹುದು. ವಿಲ್ಸನ್ ಗಾರ್ಡನ್ ವಿದ್ಯುತ್ ಚಿತಾಗಾರದಲ್ಲಿ ಕುಲುಮೆ ನಡೆಸುವವರು, ಶವದ ಫ್ರೀಜರ್ ಪೆಟ್ಟಿಗೆಯನ್ನು ಮನೆಮನೆಗೆ ಬಾಡಿಗೆಗೆ ಒಯ್ಯುವ ಹುಡುಗ, ಭಾವಪೂರ್ಣ ಶ್ರದ್ಧಾಂಜಲಿಯ ಫ್ಲೆಕ್ಸ್‌ ಅನ್ನು ಗಂಟೆಯೊಳಗೆ ಮುದ್ರಿಸಿಕೊಡುವ ಅಂಗಡಿ, ತಮ್ಮ ಕೊನೆಯ ಚಿಕಿತ್ಸೆ ಹೇಗಿರಬೇಕೆಂದು ಮೊದಲೇ ಬರೆದಿಡುತ್ತಿರುವ ಜಯನಗರದ ದಂಪತಿ, ಇವೆಲ್ಲ ವಿಷಯಗಳೇ. ಯಾರು, ಎಲ್ಲಿ, ಎಷ್ಟು ಕಾಲ, ಅವರು ಏನನ್ನು ತೀರ್ಮಾನಿಸಬೇಕಾಗಿದೆ ಎಂಬ ನಾಲ್ಕನ್ನೂ ಒಂದೇ ವಾಕ್ಯದಲ್ಲಿ ಬರೆಯಿರಿ. ಆ ವಾಕ್ಯದ ಕರ್ತೃ "ಮನುಷ್ಯ" ಎಂದೋ "ಬದುಕು" ಎಂದೋ ಇದ್ದರೆ ಹರಿದು ಹಾಕಿ ಮತ್ತೆ ಬರೆಯಿರಿ.

ಇದೇ ಹಂತದಲ್ಲಿ ಕಾನೂನಿನ ಮೂಲಪಾಠವನ್ನೂ ಮುಗಿಸಿಕೊಳ್ಳಿ. ಹಾಸ್ಪಿಸ್ ಆರೈಕೆಗೂ ದಯಾಮರಣಕ್ಕೂ ಸಂಬಂಧವಿಲ್ಲ. ಗುಣವಾಗದ ಕಾಯಿಲೆಯಲ್ಲಿ ನೋವನ್ನು ತಗ್ಗಿಸುವುದು ಉಪಶಾಮಕ ಆರೈಕೆಯ ಕೆಲಸ, ಸಾವನ್ನು ಹತ್ತಿರ ಎಳೆಯುವುದಲ್ಲ. ಘನತೆಯಿಂದ ಸಾಯುವುದು ಮೂಲಭೂತ ಹಕ್ಕಿನ ಭಾಗವೆಂದು ಸುಪ್ರೀಂ ಕೋರ್ಟ್ 2018ರ ಮಾರ್ಚ್ 9ರಂದು ಹೇಳಿತು. ಮುಂಗಡ ವೈದ್ಯಕೀಯ ಸೂಚನೆ, ಅಂದರೆ ಜನ ಲಿವಿಂಗ್ ವಿಲ್ ಎನ್ನುವ ಪತ್ರದ ವಿಧಾನವನ್ನು 2023ರ ಜನವರಿಯಲ್ಲಿ ಸರಳಗೊಳಿಸಿತು: ಇಬ್ಬರು ಸಾಕ್ಷಿಗಳು, ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ ಸಾಕು. ಇದನ್ನು ಜಾರಿಗೆ ತರುವ ಆದೇಶವನ್ನು ಕರ್ನಾಟಕ ಸರ್ಕಾರ 2025ರ ಜನವರಿಯಲ್ಲಿ ಹೊರಡಿಸಿತು. ಜೀವರಕ್ಷಕ ಚಿಕಿತ್ಸೆಯನ್ನು ಹಿಂತೆಗೆಯುವುದು ಬೇರೆ, ಚುಚ್ಚುಮದ್ದು ಕೊಟ್ಟು ಸಾಯಿಸುವುದು ಬೇರೆ, ಎರಡನೆಯದಕ್ಕೆ ಭಾರತದಲ್ಲಿ ಅವಕಾಶವಿಲ್ಲ. ಈ ಗೆರೆ ಗೊತ್ತಿಲ್ಲದ ನಿರ್ದೇಶಕರ ಮುಂದೆ ಯಾವ ವೈದ್ಯರೂ ಬಾಯಿ ಬಿಚ್ಚುವುದಿಲ್ಲ.

ಹಂತ 2: ಬರಿಗೈಯಲ್ಲಿ ಹೋಗಿ

ಬೆಂಗಳೂರಿನಲ್ಲಿ ಈ ವಿಷಯಕ್ಕೆ ಬಾಗಿಲುಗಳು ಕಡಿಮೆ ಇಲ್ಲ. ಮಾರತ್ತಹಳ್ಳಿ ಬಳಿಯ ಕರುಣಾಶ್ರಯ ಗುಣವಾಗದ ಹಂತದ ಕ್ಯಾನ್ಸರ್ ರೋಗಿಗಳನ್ನು ಉಚಿತವಾಗಿ ನೋಡಿಕೊಳ್ಳುತ್ತದೆ, ಮನೆಗೇ ಹೋಗುವ ತಂಡವನ್ನೂ ಇಟ್ಟುಕೊಂಡಿದೆ. ಕಿದ್ವಾಯಿ ಕ್ಯಾನ್ಸರ್ ಸಂಸ್ಥೆಯಲ್ಲಿ, ಸೇಂಟ್ ಜಾನ್ಸ್ ಆಸ್ಪತ್ರೆಯಲ್ಲಿ ಉಪಶಾಮಕ ಆರೈಕೆಯ ವಿಭಾಗಗಳಿವೆ. ಆದರೆ ಎಲ್ಲಿಗೆ ಹೋದರೂ ಮೊದಲ ಪತ್ರದಲ್ಲಿ ಚಿತ್ರೀಕರಣದ ಅನುಮತಿ ಕೇಳಬೇಡಿ. ನಿಮ್ಮ ಒಂದು ವಾಕ್ಯದ ವಿಷಯ, ತಂಡದಲ್ಲಿ ಯಾರಿದ್ದಾರೆ, ಹಣ ಎಲ್ಲಿಂದ ಬರುತ್ತದೆ, ಚಿತ್ರ ಎಲ್ಲಿ ಪ್ರದರ್ಶನಗೊಳ್ಳುತ್ತದೆ ಎಂಬಷ್ಟನ್ನು ಬರೆದು, ಕೆಲವು ದಿನ ಸುಮ್ಮನೆ ಬಂದು ಕುಳಿತುಕೊಳ್ಳಲು ಅವಕಾಶ ಕೇಳಿ. ಬೋಧನಾ ಆಸ್ಪತ್ರೆಯಾದರೆ ನೈತಿಕ ಸಮಿತಿಯ ಮುಂದೆ ಹೋಗಬೇಕಾಗಬಹುದು. ಸಮಿತಿ ಕೂಡುವುದು ಅದರ ಸಮಯಕ್ಕೆ, ನಿಮ್ಮ ಸಮಯಕ್ಕಲ್ಲ. ವೇಳಾಪಟ್ಟಿಯಲ್ಲಿ ತಿಂಗಳುಗಳನ್ನೇ ಬಿಡಿ.

ಈ ದಿನಗಳಲ್ಲಿ ಕಲಿಯಬೇಕಾದದ್ದು ವಾರ್ಡಿನ ದಿನಚರಿ. ಗಾಯಕ್ಕೆ ಡ್ರೆಸ್ಸಿಂಗ್ ಎಷ್ಟು ಹೊತ್ತಿಗೆ, ಸ್ನಾನ ಯಾವಾಗ, ವೈದ್ಯರ ಸುತ್ತು ಯಾವಾಗ, ಮನೆಯವರು ಬಂದು ಹೋಗುವ ಹೊತ್ತು ಯಾವುದು. ನಿಜವಾದ ಮಾತು ನಡೆಯುವುದು ಮಧ್ಯಾಹ್ನದ ಖಾಲಿ ಹೊತ್ತಿನಲ್ಲಿ, ಊಟದ ತಟ್ಟೆ ತೆಗೆದ ಮೇಲೆ. ನರ್ಸ್‌ಗಳಿಗಿಂತ ಹೆಚ್ಚಾಗಿ ಆಯಾಗಳಿಗೆ ಗೊತ್ತಿರುತ್ತದೆ. ಅವರ ಹೆಸರನ್ನು ಮೊದಲು ಕಲಿಯಿರಿ.

ಇನ್ನೊಂದು ಎಚ್ಚರ. "ಕೊನೆಯ ವಾರ ಹತ್ತಿರ ಬಂದಾಗ ಹೇಳುತ್ತೇವೆ, ಆಗ ಬನ್ನಿ" ಎಂದು ಯಾರಾದರೂ ಒಳ್ಳೆಯ ಮನಸ್ಸಿನಿಂದಲೇ ಹೇಳಬಹುದು. ಒಪ್ಪಬೇಡಿ. ಕೊನೆಯ ವಾರದಲ್ಲಿ ಬರುವವರಿಗೆ ಸಿಗುವುದು ದೇಹ ಮಾತ್ರ, ವ್ಯಕ್ತಿಯಲ್ಲ. ನಡೆದಾಡುತ್ತ, ಚಹಾದ ರುಚಿಯ ಬಗ್ಗೆ ದೂರುತ್ತ, ಮೊಬೈಲಿನಲ್ಲಿ ಕ್ರಿಕೆಟ್ ನೋಡುತ್ತ ಇರುವ ಹಂತದಲ್ಲಿಯೇ ನಿಮ್ಮ ಪರಿಚಯವಾಗಬೇಕು.

ಹಂತ 3: ಒಪ್ಪಿಗೆ

ಎಲ್ಲಕ್ಕಿಂತ ಹೆಚ್ಚು ಚಿತ್ರಗಳು ಕೆಡುವುದು ಇಲ್ಲಿ. ಒಪ್ಪಿಗೆ ಎಂದರೆ ಒಂದು ಹಾಳೆ, ಒಂದು ಸಹಿ ಎಂದುಕೊಂಡವರು ಮುಂದೆ ಸಂಕಲನದ ಮಧ್ಯದಲ್ಲಿ ಸಿಕ್ಕಿಬೀಳುತ್ತಾರೆ.

ಮೊದಲನೆಯದಾಗಿ, ರೋಗಿಗೆ ಏನು ಗೊತ್ತಿದೆ ಎಂದು ತಿಳಿದುಕೊಳ್ಳಿ. ನಮ್ಮ ಮನೆಗಳಲ್ಲಿ "ಅಪ್ಪನಿಗೆ ಹೇಳಿಲ್ಲ, ನೀವೂ ಹೇಳಬೇಡಿ" ಎಂಬ ಮಾತು ಸಾಮಾನ್ಯ. ಹಿರಿಯ ಮಗ ಸಹಿ ಹಾಕುತ್ತಾನೆ, ಅಪ್ಪ ತನಗೆ ಹೊಟ್ಟೆಯ ಹುಣ್ಣು ಎಂದುಕೊಂಡಿರುತ್ತಾರೆ. ಇಂಥವರನ್ನು ಸಾವಿನ ಚಿತ್ರದಲ್ಲಿ ಪಾತ್ರವಾಗಿಸುವುದು ಮೋಸ. ಅವರಿಗೆ ಸತ್ಯ ಹೇಳುವುದು ನಿಮ್ಮ ಕೆಲಸವೂ ಅಲ್ಲ, ಅದು ಆಪ್ತಸಮಾಲೋಚಕರ ಮತ್ತು ವೈದ್ಯರ ಕೆಲಸ. ತನ್ನ ಸ್ಥಿತಿ ತನಗೆ ಗೊತ್ತಿದೆ ಎಂದು ರೋಗಿಯೇ ತಾನಾಗಿ ಹೇಳುವವರೆಗೆ ಕ್ಯಾಮೆರಾ ಬೇಡ. ಆ ದಿನ ಬರದೇ ಹೋದರೆ ಆ ಕುಟುಂಬವನ್ನು ಬಿಟ್ಟುಬಿಡಿ. ತಿಳಿದೂ ತಿಳಿಯದಂತೆ ಮನೆಯವರಿಗಾಗಿ ನಟಿಸುವ ರೋಗಿಗಳೂ ಇರುತ್ತಾರೆ. ಆ ಎರಡು ಕಡೆಯ ನಟನೆಯೇ ಒಂದು ಚಿತ್ರಕ್ಕಾಗುವಷ್ಟು ದೊಡ್ಡದು, ಆದರೆ ಎರಡೂ ಕಡೆಯವರು ಒಪ್ಪಿದರೆ ಮಾತ್ರ.

ಎರಡನೆಯದು, ಪತ್ರದ ಭಾಷೆ. ಇಂಗ್ಲಿಷಿನ ನಮೂನೆಯನ್ನು ಮುಂದಿಟ್ಟು "ಇಲ್ಲಿ ಒಂದು ಸಹಿ" ಎನ್ನಬೇಡಿ. ಸರಳ ಕನ್ನಡದಲ್ಲಿ ಒಂದೇ ಪುಟ ಇರಲಿ. ಈ ಊರಿನ ವಾರ್ಡುಗಳಲ್ಲಿ ತಮಿಳು, ತೆಲುಗು, ಉರ್ದು ಮಾತನಾಡುವವರು ಅಷ್ಟೇ ಇರುತ್ತಾರೆ, ಅವರಿಗೆ ಅವರ ಭಾಷೆಯಲ್ಲಿ ಓದಿಹೇಳಿ. ಅನುವಾದಕ್ಕೆ ರೋಗಿಯ ಸಂಬಂಧಿಕರನ್ನು ಬಳಸಬೇಡಿ, ಅವರು ಕಷ್ಟದ ಸಾಲುಗಳನ್ನು ನುಂಗಿಬಿಡುತ್ತಾರೆ. ಓದಿದ್ದನ್ನೂ ಅವರು ಕೊಟ್ಟ ಉತ್ತರವನ್ನೂ ಧ್ವನಿಮುದ್ರಿಸಿ ಇಡಿ. ಕೈ ನಡುಗುವವರಿಗೆ ಸಹಿಗಿಂತ ಇದೇ ಗಟ್ಟಿ ದಾಖಲೆ.

ಪತ್ರದಲ್ಲಿ ಇರಲೇಬೇಕಾದ ಸಂಗತಿಗಳು: ಯಾವಾಗ ಬೇಕಾದರೂ ಹಿಂದೆ ಸರಿಯಬಹುದು ಮತ್ತು ಅದರಿಂದ ಚಿಕಿತ್ಸೆಗೆ ತೊಂದರೆಯಾಗದು, ಸಂಕಲನ ಅಂತಿಮವಾಗುವ ಮುನ್ನ ತಮ್ಮ ಭಾಗವನ್ನು ನೋಡಬಹುದು, ಪ್ರಜ್ಞೆ ತಪ್ಪಿದ ಮೇಲೆ ಚಿತ್ರೀಕರಿಸಬಹುದೇ, ಸತ್ತ ಮೇಲೆ ಮುಖ ತೋರಿಸಬಹುದೇ, ತಾವು ಇಲ್ಲದ ಮೇಲೆ ತಮ್ಮ ಪರವಾಗಿ ಹೌದು ಅಥವಾ ಬೇಡ ಎನ್ನುವವರು ಯಾರು. ಕೊನೆಯ ಪ್ರಶ್ನೆಯನ್ನು ಕೇಳಲು ಎಲ್ಲರೂ ಹಿಂಜರಿಯುತ್ತಾರೆ. ಕೇಳಿದರೆ ರೋಗಿಗಳು ಅಚ್ಚರಿಯಾಗುವಷ್ಟು ಸಲೀಸಾಗಿ ಉತ್ತರಿಸುತ್ತಾರೆ, ಎಷ್ಟೋ ವೇಳೆ ಹಿರಿಯ ಮಗನ ಹೆಸರನ್ನಲ್ಲ, ಕಿರಿಯ ಸೊಸೆಯ ಹೆಸರನ್ನು ಹೇಳುತ್ತಾರೆ.

ಮೂರನೆಯದು, ಒಪ್ಪಿಗೆ ಒಮ್ಮೆಗೆ ಮುಗಿಯುವುದಿಲ್ಲ. ಪ್ರತಿದಿನ ಕ್ಯಾಮೆರಾ ತೆಗೆಯುವ ಮುನ್ನ "ಇವತ್ತು ಮಾಡೋಣವೇ?" ಎಂದು ಕೇಳಿ. ಮುಖ ಆಚೆ ತಿರುಗಿಸಿದರೆ, "ನಿಮಗೆ ಬೇಕಾದರೆ ಮಾಡಿ" ಎಂದರೆ, ನಿಮ್ಮನ್ನು ಬಿಟ್ಟು ನರ್ಸ್ ಕಡೆ ನೋಡಿದರೆ ಅದನ್ನು ಬೇಡವೆಂದೇ ಓದಿಕೊಳ್ಳಿ. ಪಕ್ಕದ ಹಾಸಿಗೆಯವರು ನಿಮ್ಮ ಚಿತ್ರಕ್ಕೆ ಒಪ್ಪಿದವರಲ್ಲ ಎಂಬುದೂ ನೆನಪಿರಲಿ. ನಡುವೆ ಪರದೆ ಎಳೆಯಿರಿ, ಇಲ್ಲವೇ ಕೋನ ಬದಲಿಸಿ.

ಹಣದ ವಿಷಯ ಬಂದೇ ಬರುತ್ತದೆ. ಭಾಗವಹಿಸಿದ್ದಕ್ಕೆ ಹಣ ಕೊಟ್ಟರೆ ಒಪ್ಪಿಗೆಯ ಅರ್ಥವೇ ಕೆಡುತ್ತದೆ, ಏನೂ ಕೊಡದೆ ಮುಖ ತಿರುಗಿಸುವುದೂ ಸರಿಯಲ್ಲ. ಕೊಡುವುದಿದ್ದರೆ ಸಂಸ್ಥೆಯ ಮೂಲಕ, ಚಿತ್ರ ಮುಗಿದ ಮೇಲೆ, ಎಲ್ಲ ರೋಗಿಗಳಿಗೂ ಉಪಯೋಗವಾಗುವಂತೆ ಕೊಡಿ.

ಹಂತ 4: ಉಪಕರಣ

ಒಂದು ಸಣ್ಣ ಕ್ಯಾಮೆರಾ, ಬೆಳಕು ಹೆಚ್ಚು ಹಿಡಿಯುವ 35 ಅಥವಾ 50 ಮಿಲಿಮೀಟರ್ ಲೆನ್ಸ್, ಎದುರಿನ ಸದ್ದನ್ನೇ ಹೆಚ್ಚು ಹಿಡಿಯುವ ಒಂದು ಶಾಟ್‌ಗನ್ ಮೈಕ್, ಒಂದು ಕಾಲರ್ ಮೈಕ್, ಸದ್ದಿಲ್ಲದ ಸಣ್ಣ ಟ್ರೈಪಾಡ್, ಮತ್ತು ಒಂದು ಗಿಡ್ಡ ಸ್ಟೂಲು. ಸ್ಟೂಲನ್ನು ಮರೆಯಬೇಡಿ. ನಿಂತು ತೆಗೆದ ಚಿತ್ರದಲ್ಲಿ ರೋಗಿ ಯಾವಾಗಲೂ ಬಿದ್ದವರಂತೆ ಕಾಣುತ್ತಾರೆ, ಕುಳಿತು ಹಾಸಿಗೆಯ ಮಟ್ಟದಿಂದ ತೆಗೆದರೆ ಮಾತನಾಡುತ್ತಿರುವವರಂತೆ ಕಾಣುತ್ತಾರೆ.

ದೀಪಗಳನ್ನು ಒಯ್ಯಬೇಡಿ. ಆಮ್ಲಜನಕ ಹರಿಯುವ ಕೋಣೆಯಲ್ಲಿ ಬಿಸಿಯಾಗುವ ಯಾವುದೂ ಅಪಾಯ. ವಾರ್ಡಿನ ಟ್ಯೂಬ್‌ಲೈಟ್ ಮಿನುಗದಿರಲು ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಇಟ್ಟುಕೊಳ್ಳಿ, ನಮ್ಮ ವಿದ್ಯುತ್ತು 50 ಹರ್ಟ್ಸ್‌ನದು. ವೈರ್‌ಲೆಸ್ ಮೈಕ್ ಬಳಸುವ ಮುನ್ನ ಅಲ್ಲಿನ ಯಂತ್ರಗಳಿಗೆ ತೊಂದರೆಯಾಗದೇ ಎಂದು ಸಿಬ್ಬಂದಿಯನ್ನು ಕೇಳಿ.

ಚಿತ್ರಕ್ಕಿಂತ ಧ್ವನಿ ಕಷ್ಟ. ರೋಗಿಗಳ ಸ್ವರ ಕುಗ್ಗಿರುತ್ತದೆ, ಮೇಲೆ ಫ್ಯಾನ್, ಪಕ್ಕದಲ್ಲಿ ಆಕ್ಸಿಜನ್ ಕಾನ್ಸಂಟ್ರೇಟರ್, ಹೊರಗೆ ಎಚ್‌ಎಎಲ್‌ ಕಡೆಯ ವಿಮಾನ ಅಥವಾ ಹೊರವರ್ತುಲ ರಸ್ತೆಯ ಹಾರ್ನ್. ಫ್ಯಾನ್ ನಿಲ್ಲಿಸಿ ಎನ್ನಬೇಡಿ. ಎಷ್ಟೋ ರೋಗಿಗಳಿಗೆ ಮುಖಕ್ಕೆ ಬೀಸುವ ಗಾಳಿಯಿಂದಲೇ ಉಸಿರಾಟದ ಕಷ್ಟ ಸ್ವಲ್ಪ ಹಗುರಾಗುತ್ತದೆ. ಮೈಕ್ ಹತ್ತಿರ ತನ್ನಿ, ಅಷ್ಟೇ. ಪ್ರತಿ ಕೋಣೆಯಲ್ಲಿ ಯಾರೂ ಮಾತನಾಡದ ಒಂದು ನಿಮಿಷದ ಸದ್ದನ್ನು ಬೇರೆಯಾಗಿ ದಾಖಲಿಸಿ. ಸಂಕಲನದಲ್ಲಿ ಕಡಿದ ಜಾಗಗಳನ್ನು ಅದೇ ಮುಚ್ಚುತ್ತದೆ. ಹಿನ್ನೆಲೆಯಲ್ಲಿ ಧಾರಾವಾಹಿ, ಸಿನಿಮಾ ಹಾಡು ಕೇಳುತ್ತಿದ್ದರೆ ಅದರ ಹಕ್ಕುಸ್ವಾಮ್ಯ ಮುಂದೆ ತಲೆನೋವಾಗುತ್ತದೆ. ಟಿವಿಯ ಸದ್ದು ತಗ್ಗಿಸಬಹುದೇ ಎಂದು ವಿನಂತಿಸಿ.

ಹಂತ 5: ಹಾಸಿಗೆಯ ಪಕ್ಕ

ನೆಗಡಿ, ಕೆಮ್ಮು, ಜ್ವರ ಇದ್ದ ದಿನ ತಂಡದ ಯಾರೂ ಹೋಗಬಾರದು. ನಿಮಗೆ ಎರಡು ದಿನದ ನೆಗಡಿ, ಕೀಮೋಥೆರಪಿಯಿಂದ ಸೊರಗಿದವರಿಗೆ ಅದು ನ್ಯುಮೋನಿಯಾ ಆಗಬಹುದು. ಕೈ ತೊಳೆದೇ ಒಳಗೆ ಹೋಗಿ.

ಆರಂಭದ ದಿನಗಳಲ್ಲಿ ಸಾವಿನ ಬಗ್ಗೆ ಏನನ್ನೂ ಕೇಳಬೇಡಿ. ಕೆಲಸದ ಬಗ್ಗೆ ಕೇಳಿ, ಊರಿನ ಬಗ್ಗೆ ಕೇಳಿ, ಬೆಂಗಳೂರಿಗೆ ಬಂದ ದಿನದ ಬಗ್ಗೆ ಕೇಳಿ. ಬಿನ್ನಿ ಮಿಲ್ಲಿನ ಪಾಳಿಯ ಬಗ್ಗೆ ಅರ್ಧ ಗಂಟೆ ಹೇಳಿದವರು ಕೊನೆಗೆ ತಾವೇ "ಇನ್ನೇನು, ಮುಗಿಯಿತು" ಎನ್ನುತ್ತಾರೆ. ಆಗ "ಏನು ಮುಗಿಯಿತು?" ಎಂದು ಕೇಳಿದರೆ ಸಾಕು. ಅವರು "ಹೋಗುವುದು" ಎಂದರೆ ನೀವೂ "ಹೋಗುವುದು" ಎನ್ನಿ, ಅವರು "ಸಾಯುವುದು" ಎಂದರೆ ನೀವೂ ಹಾಗೆಯೇ ಎನ್ನಿ. "ಭಯವಾಗುತ್ತಿದೆಯೇ?" ಎಂಬುದು ಕೆಟ್ಟ ಪ್ರಶ್ನೆ. ಅದಕ್ಕೆ ಸಿಗುವುದು ಒಂದೋ ಧೈರ್ಯದ ಪ್ರದರ್ಶನ, ಇಲ್ಲವೇ ಅಳು. "ರಾತ್ರಿ ನಿದ್ದೆ ಬರದಿದ್ದಾಗ ಏನು ಮಾಡುತ್ತೀರಿ?" ಎಂದು ಕೇಳಿ ನೋಡಿ. ಮೌನ ಬಂದರೆ ತುಂಬಿಸಲು ಹೋಗಬೇಡಿ.

ಒಂದು ಕೂರುವಿಕೆ ಇಪ್ಪತ್ತು ನಿಮಿಷ ಮೀರದಿರಲಿ. ನೋವಿನ ಔಷಧ ಕೊಟ್ಟು ಸ್ವಲ್ಪ ಹೊತ್ತಾದ ಮೇಲೆ ಮಾತು ಸಲೀಸು. ಅದು ಯಾವ ಹೊತ್ತು ಎಂದು ನರ್ಸ್ ಹೇಳುತ್ತಾರೆ. ಮಾರ್ಫಿನ್ ಕೊಟ್ಟದ್ದರಿಂದಲೇ ಬೇಗ ಹೋದರು ಎಂದು ಮನೆಯವರು ಕ್ಯಾಮೆರಾ ಮುಂದೆ ಹೇಳುವುದುಂಟು. ಅದನ್ನು ವೈದ್ಯರ ಉತ್ತರವಿಲ್ಲದೆ ಚಿತ್ರದಲ್ಲಿ ಬಿಡಬೇಡಿ. ನೋಡಿದ ಯಾರೋ ತಮ್ಮ ತಾಯಿಗೆ ಆ ಔಷಧ ಬೇಡ ಎಂದುಬಿಡುತ್ತಾರೆ.

ಕ್ಯಾಮೆರಾ ಕೆಳಗಿಡಬೇಕಾದ ಸೂಚನೆಗಳನ್ನು ತಂಡದ ಪ್ರತಿಯೊಬ್ಬರೂ ಬಾಯಿಪಾಠ ಮಾಡಿಕೊಂಡಿರಬೇಕು. ನರ್ಸ್ ಪರದೆ ಎಳೆದರು, ಬಟ್ಟೆ ಸರಿಯಿತು, ವಾಂತಿ ಬಂತು, ರೋಗಿ ಗೊಂದಲದಲ್ಲಿ ಯಾರನ್ನೋ ಕರೆಯತೊಡಗಿದರು, ಮನೆಯವರಲ್ಲಿ ಒಬ್ಬರು ನಿಮ್ಮ ಕಡೆ ತಿರುಗಿ ನೋಡಿದರು. ಇವುಗಳಲ್ಲಿ ಒಂದಾದರೂ ಸಾಕು. ಚರ್ಚೆ ಬೇಡ, ನಿರ್ದೇಶಕರ ಅಪ್ಪಣೆಯೂ ಬೇಡ, ಕ್ಯಾಮೆರಾ ಹಿಡಿದವರೇ ಇಳಿಸಬೇಕು.

ಹಂತ 6: ಕೊನೆಯ ಗಂಟೆಗಳು

ಊಟ ನೀರು ಬೇಡವೆನಿಸುವುದು, ಹೆಚ್ಚು ಹೊತ್ತು ನಿದ್ದೆ, ಕೈಕಾಲು ತಣ್ಣಗಾಗಿ ಚರ್ಮದ ಮೇಲೆ ನೀಲಿ ಮಚ್ಚೆ ಮೂಡುವುದು, ಉಸಿರು ಕೆಲ ಕ್ಷಣ ನಿಂತು ಮತ್ತೆ ಶುರುವಾಗುವುದು, ಗಂಟಲಲ್ಲಿ ಗೊರಗೊರ ಸದ್ದು. ಇವು ಸಾವು ಹತ್ತಿರವಾಗಿರುವುದರ ಸಾಮಾನ್ಯ ಲಕ್ಷಣಗಳು. ಆ ಸದ್ದು ಕೇಳುವವರನ್ನು ಕಂಗೆಡಿಸುವಷ್ಟು ರೋಗಿಯನ್ನು ಬಾಧಿಸುವುದಿಲ್ಲ ಎಂದು ಉಪಶಾಮಕ ಆರೈಕೆಯ ವೈದ್ಯರು ಹೇಳುತ್ತಾರೆ. ನಿಮ್ಮ ಮೈಕ್ ಮಾತ್ರ ಅದನ್ನು ಬಹಳ ಜೋರಾಗಿ ಹಿಡಿಯುತ್ತದೆ. ಆ ಧ್ವನಿಯನ್ನು ಬಳಸುವ ಮುನ್ನ ಮನೆಯವರನ್ನು ಬೇರೆಯಾಗಿ ಕೇಳಿ.

ಒಪ್ಪಿಗೆ ಇದ್ದರೂ ಈ ಹೊತ್ತಿನಲ್ಲಿ ಕೋಣೆಯಲ್ಲಿ ಒಬ್ಬರೇ ಇರಲಿ. ತಲೆಯ ಕಡೆ ನಿಲ್ಲಬಾರದು. ತುಳಸಿ ನೀರು, ಗಂಗಾಜಲ ಬಿಡುವವರು, ಕಿವಿಯಲ್ಲಿ ಕಲ್ಮಾ ಹೇಳುವವರು, ಪ್ರಾರ್ಥಿಸುವವರು ಎಲ್ಲರೂ ಬರುವುದು ಆ ಕಡೆಗೆ. ಕಾಲ ಕಡೆ, ಗೋಡೆಗೆ ಒರಗಿ, ಒಂದೇ ಕೋನ ಹಿಡಿದು ನಿಲ್ಲಿ. ಹತ್ತಿರದ ಶಾಟ್ ಬೇಕೆಂದು ಓಡಾಡುವವರನ್ನು ಆ ಮನೆ ಎಂದೂ ಮರೆಯುವುದಿಲ್ಲ. ಸಾವಿನ ಕ್ಷಣವೇ ಸಿಗದಿದ್ದರೆ ಚಿತ್ರಕ್ಕೆ ಏನೂ ನಷ್ಟವಿಲ್ಲ. ಮನೆಯವರು ಕಾಫಿಗೆಂದು ಹೊರಗೆ ಹೋದಾಗಲೇ ಬಹಳಷ್ಟು ರೋಗಿಗಳು ತೀರಿಕೊಂಡುಬಿಡುತ್ತಾರೆ.

ಹಂತ 7: ಸಾವಿನ ಮನೆ, ಚಿತಾಗಾರ, ರುದ್ರಭೂಮಿ

ಶವ ಎತ್ತುವವರೆಗೆ ಎಷ್ಟೋ ಮನೆಗಳಲ್ಲಿ ಒಲೆ ಹಚ್ಚುವುದಿಲ್ಲ. ತಂಡದವರು ಬಾಗಿಲಲ್ಲಿ ಬಿಸ್ಕತ್ತು ತಿನ್ನುತ್ತ ನಿಲ್ಲಬಾರದು, ನೀರು ಜೊತೆಗಿರಲಿ, ಊಟ ದೂರದಲ್ಲಿ ಆಗಲಿ. ಸೂತಕವನ್ನು ನೀವು ನಂಬದಿರಬಹುದು, ಆದರೆ ಚಿತಾಗಾರದಿಂದ ನೇರವಾಗಿ ಇನ್ನೊಬ್ಬ ರೋಗಿಯ ಮನೆಗೆ ಹೋದರೆ ಆ ಮನೆಯವರ ಮನಸ್ಸು ಮುದುಡುತ್ತದೆ. ಅದೇ ದಿನ ಎರಡನ್ನೂ ಇಟ್ಟುಕೊಳ್ಳಬೇಡಿ.

ಹಿಂದಿನ ದಿನವೇ ಹಿರಿಯರೊಬ್ಬರನ್ನು ಕೇಳಿ ಕ್ರಮ ತಿಳಿದುಕೊಂಡಿರಿ. ಮೈ ತೊಳೆಯುವುದನ್ನು ಯಾರ ಮನೆಯಲ್ಲಿಯೂ ಚಿತ್ರೀಕರಿಸಬೇಡಿ. ಲಿಂಗಾಯತರಲ್ಲಿ ಕೂರಿಸಿ ಮಣ್ಣು ಮಾಡುತ್ತಾರೆ, ಕ್ರಿಯೆ ಬೇಗ ಸಾಗುತ್ತದೆ, ಸ್ಥಳ ಮೊದಲೇ ನೋಡಿಕೊಂಡಿರಬೇಕು. ಮುಸ್ಲಿಮರಲ್ಲಿ ದಫನ್‌ಗೆ ತಡಮಾಡುವುದಿಲ್ಲ, ಖಬರಸ್ತಾನಕ್ಕೆ ನಿಮ್ಮ ತಂಡದ ಹೆಂಗಸರು ಬರಬಹುದೇ ಎಂದು ಮೊದಲೇ ಕೇಳಿ. ಸಾವಿನ ದಿನಕ್ಕಿಂತ ಮೂರನೆಯ ದಿನದ ಹಾಲು ತುಪ್ಪ, ಹನ್ನೊಂದನೆಯ ದಿನ, ವೈಕುಂಠ ಸಮಾರಾಧನೆ, ಬೂದಿ ಬಿಡಲು ಶ್ರೀರಂಗಪಟ್ಟಣದ ಪಶ್ಚಿಮವಾಹಿನಿಗೆ ಹೋಗುವ ದಾರಿ, ಇವುಗಳಲ್ಲಿ ಮಾತು ಹೆಚ್ಚು ಸಿಗುತ್ತದೆ. ಜನ ನಗುತ್ತಾರೆ ಕೂಡ. ಆ ನಗುವನ್ನು ಬಿಡಬೇಡಿ.

ಹೆಬ್ಬಾಳ, ಬನಶಂಕರಿ, ವಿಲ್ಸನ್ ಗಾರ್ಡನ್, ಸುಮನಹಳ್ಳಿಯಂತಹ ಚಿತಾಗಾರಗಳಲ್ಲಿ ಚಿತ್ರೀಕರಣಕ್ಕೆ ಪಾಲಿಕೆಯ ಲಿಖಿತ ಅನುಮತಿ ಬೇಕು. 2025ರ ಸೆಪ್ಟೆಂಬರ್‌ನಿಂದ ನಗರಕ್ಕೆ ಐದು ಪಾಲಿಕೆಗಳಿರುವುದರಿಂದ ನಿಮ್ಮ ಸ್ಥಳ ಯಾವುದಕ್ಕೆ ಸೇರಿದೆ ಎಂದು ನೋಡಿಕೊಂಡು ಅರ್ಜಿ ಹಾಕಿ. ಆ ಕಾಗದ ಗೇಟು ದಾಟಿಸುತ್ತದೆ, ಅಷ್ಟೇ. ಕುಲುಮೆ ನಡೆಸುವವರ ಮತ್ತು ಗುಂಡಿ ತೋಡುವವರ ಒಪ್ಪಿಗೆ ಬೇರೆಯಾಗಿ ಬೇಕು. ಕೆಲವರು ಮಗಳ ಶಾಲೆಯಲ್ಲಿ ತಮ್ಮ ಕೆಲಸವೇನೆಂದು ಹೇಳಿರುವುದಿಲ್ಲ. ಸರದಿಯಲ್ಲಿ ಕಾಯುತ್ತಿರುವ ಬೇರೆ ಕುಟುಂಬಗಳು ಚೌಕಟ್ಟಿನೊಳಗೆ ಬರಕೂಡದು.

ಹಂತ 8: ಫುಟೇಜ್ ಮತ್ತು ತಂಡ

ಅದೇ ರಾತ್ರಿ ಎರಡು ಹಾರ್ಡ್ ಡಿಸ್ಕ್‌ಗಳಿಗೆ ಪ್ರತಿ ಮಾಡಿ, ಒಂದು ಬೇರೆ ಮನೆಯಲ್ಲಿರಲಿ. ಪಾಸ್‌ವರ್ಡ್ ಹಾಕಿ. ತುಣುಕುಗಳನ್ನು ವಾಟ್ಸ್‌ಆ್ಯಪ್‌ನಲ್ಲಿ ಕಳಿಸಬೇಡಿ, ತಂಡದೊಳಗೂ ಬೇಡ. ತಂಡದ ಯಾರಿಗಾದರೂ ನಿದ್ದೆ ಬಾರದಿದ್ದರೆ, ತಮ್ಮ ಮನೆಯ ಸಾವು ಮತ್ತೆ ಮತ್ತೆ ನೆನಪಾಗುತ್ತಿದ್ದರೆ ಅವರಿಗೆ ರಜೆ ಕೊಡಿ. ಮಾನಸಿಕ ಆರೋಗ್ಯದ ಟೆಲಿ ಮಾನಸ್ ಸಹಾಯವಾಣಿ 14416ರಲ್ಲಿ ಕನ್ನಡದಲ್ಲಿಯೇ ಮಾತನಾಡಬಹುದು.

ಹಂತ 9: ಸಂಕಲನ

ಸಾವಾದ ಕೂಡಲೇ ಸಂಕಲನಕ್ಕೆ ಕೂರಬೇಡಿ. ಕೆಲವು ತಿಂಗಳು ಬಿಟ್ಟು ಕುಳಿತರೆ ನಿಮ್ಮನ್ನು ಅಳಿಸಿದ್ದು ಯಾವುದು, ಚಿತ್ರಕ್ಕೆ ಬೇಕಾದದ್ದು ಯಾವುದು ಎಂಬುದು ಬೇರೆಬೇರೆಯಾಗಿ ಕಾಣುತ್ತದೆ. ಸಾಧ್ಯವಿದ್ದರೆ ರೋಗಿಯನ್ನು ಎಂದೂ ನೋಡದ ಸಂಕಲನಕಾರರನ್ನು ಹುಡುಕಿ.

ಸಾವನ್ನು ಕೊನೆಯ ದೃಶ್ಯವಾಗಿ ಇಡುವುದು ಎಲ್ಲರಿಗೂ ಮೊದಲು ಹೊಳೆಯುವ ಉಪಾಯ. ಹಾಗೆ ಮಾಡಿದರೆ ಪ್ರೇಕ್ಷಕರು ಚಿತ್ರವಿಡೀ ಅದಕ್ಕೇ ಕಾಯುತ್ತ ಕೂರುತ್ತಾರೆ, ಮುಂಚಿನ ಮಾತೆಲ್ಲ ಬಸ್ ಬರುವವರೆಗಿನ ಹರಟೆಯಂತಾಗುತ್ತದೆ. ಮೊದಲ ಐದು ನಿಮಿಷದೊಳಗೆ ಇವರು ತೀರಿಕೊಂಡರು ಎಂದು ಹೇಳಿಬಿಡಿ, ಆಮೇಲೆ ಅವರನ್ನು ತೋರಿಸಿ. ಅಳುವಿನ ಮೇಲೆ ಕೊಳಲು, ಪಿಟೀಲು ಹಾಕಬೇಡಿ. ಸಂಗೀತವನ್ನೆಲ್ಲ ತೆಗೆದು ಒಮ್ಮೆ ನೋಡಿ. ದೃಶ್ಯ ಕುಸಿದರೆ ಅದಕ್ಕೆ ಬೇಕಾಗಿದ್ದು ಸಂಗೀತವಲ್ಲ, ಅದು ಚಿತ್ರದಲ್ಲಿ ಇರಬೇಕಾದ ದೃಶ್ಯವೇ ಅಲ್ಲ. ವೈದ್ಯರ ಸಂದರ್ಶನ ಎರಡು ಮೂರು ನಿಮಿಷ ದಾಟಿದರೆ ಆರೋಗ್ಯ ಇಲಾಖೆಯ ಪ್ರಚಾರಚಿತ್ರದ ಛಾಯೆ ಬರುತ್ತದೆ.

ಹಂತ 10: ಮೊದಲ ಪ್ರದರ್ಶನ ಮತ್ತು ಆಮೇಲೆ

ಮೊದಲು ನೋಡಬೇಕಾದವರು ಮನೆಯವರು, ಅದೂ ಸಂಕಲನ ಇನ್ನೂ ಬದಲಿಸಬಹುದಾದ ಹಂತದಲ್ಲಿ. ಅವರ ಮನೆಯಲ್ಲಿಯೇ ತೋರಿಸಿ, ವರ್ಷದ ತಿಥಿಯ ಆಸುಪಾಸು ಬೇಡ. ತೆಗೆದುಹಾಕಿ ಎಂದ ದೃಶ್ಯವನ್ನು ವಾದಿಸದೆ ತೆಗೆಯಿರಿ. ಬಳಸದೆ ಉಳಿದ ಫುಟೇಜ್‌ನಲ್ಲಿ ಅವರ ಧ್ವನಿ ಇರುವ ಭಾಗಗಳ ಪ್ರತಿ ಕೊಡಿ, ಬಹಳ ಜನ ಕೇಳುವುದು ಅದನ್ನೇ. ಆಮೇಲೆ ಆಸ್ಪತ್ರೆಯವರಿಗೆ, ನರ್ಸ್ ಮತ್ತು ಆಯಾಗಳಿಗೆ.

ಚಿತ್ರಮಂದಿರದಲ್ಲಿ ಸಾರ್ವಜನಿಕ ಪ್ರದರ್ಶನಕ್ಕೆ ಸೆನ್ಸಾರ್ ಪ್ರಮಾಣಪತ್ರ ಬೇಕು, ಚಿತ್ರೋತ್ಸವಗಳಿಗೆ ವಿನಾಯಿತಿ ಪಡೆಯುವ ದಾರಿ ಇದೆ. ಅಂತರ್ಜಾಲದ ವಾಹಿನಿಗೆ ಕೊಡುವುದಾದರೆ ಒಪ್ಪಂದದಲ್ಲಿ ಎರಡು ಸಾಲು ಸೇರಿಸಿ: ಚಿತ್ರದ ಯಾವ ಭಾಗವನ್ನೂ ಬಿಡಿ ತುಣುಕಾಗಿ ಹಾಕುವಂತಿಲ್ಲ, ಮತ್ತು ಪ್ರಚಾರದ ಚಿತ್ರದಲ್ಲಿ, ಅಂದರೆ ಥಂಬ್‌ನೇಲ್‌ನಲ್ಲಿ, ಮೃತರ ಮುಖವನ್ನೋ ಅಳುವವರ ಮುಖವನ್ನೋ ಬಳಸುವಂತಿಲ್ಲ. ಆ ಪ್ರಚಾರದ ಚಿತ್ರವನ್ನೂ ಶೀರ್ಷಿಕೆಯನ್ನೂ ನೀವೇ ತಯಾರಿಸಿ ಕೊಡಿ. ವಾಹಿನಿಯವರಿಗೆ ಬಿಟ್ಟರೆ ಕೆಂಪು ಬಾಣವೊಂದನ್ನು ಎಳೆದು "ಕೊನೆಯ ಕ್ಷಣದಲ್ಲಿ ಏನಾಯಿತು ನೋಡಿ" ಎಂದು ಬರೆಯುತ್ತಾರೆ.